ಚೆಕ್ಕುಬಂದಿಯ ವೀಳ್ಯ

ಮುತ್ತಮ್ಮ ಕೇಳದೆ ಯಾವುದನ್ನೂ ಮುಟ್ಟುವವಳಲ್ಲ. ಪಕ್ಕದ ಹಿತ್ತಲಿನ ನುಗ್ಗೆಮರ ಬೇಲಿ ದಾಟಿ ಬಾಗಿ, ಕಾಯಿ ಇವಳ ತಲೆಗೇ ತಾಗುತ್ತಿದ್ದರೂ, ‘ಎರಡು ಕಾಯಿ ಕಿತ್ಕೊಳ್ಲಾ ಅಕ್ಕಾ?’ ಎಂದು ಕೂಗಿ, ಅತ್ತಲಿಂದ ‘ಹೂಂ’ ಬಂದ ಮೇಲೆಯೇ ದೋಟಿ ಎತ್ತುತ್ತಿದ್ದಳು. ನಲ್ಲೂರಿನ ತೌರುಮನೆಯಲ್ಲಿ ಅಜ್ಜಿ ಕಲಿಸಿದ ಪಾಠ ಅದು. ಹೊತ್ತು ಮುಳುಗಿದ ಮೇಲೆ ಮರ ಮಲಗಿರುತ್ತದೆ, ಕೇಳಿದರೂ ಉತ್ತರ ಬರುವುದಿಲ್ಲ, ಅದಕ್ಕೇ ಆಗ ಎಲೆ ಕೀಳಬಾರದು ಎಂದು ಆ ಅಜ್ಜಿ ಹೇಳುತ್ತಿದ್ದಳು. ಅಂಥವಳ ಮೊಮ್ಮಗಳು ಒಂದೇ ಒಂದು ಸಲ, ಒಬ್ಬರನ್ನು ಕೇಳುವುದು ಬಿಟ್ಟಳು. ಅದೂ ಮರೆತಲ್ಲ, ಅವರ ಮನಸ್ಸು ನೋಯದಿರಲಿ ಎಂದು.

ಸಂಜೀವಪ್ಪನ ಕೈ ಹಿಡಿದು ಅವಳು ಕುಂದಾಣದ ಕಡೆಯ ಹಳ್ಳಿಗೆ ಬಂದಾಗ ಆ ಮನೆಯಲ್ಲಿ ಒಲೆ ಒಂದು, ಸೊಸೆಯರು ನಾಲ್ವರು. ಇದ್ದದ್ದೆಲ್ಲ ಮಳೆ ನಂಬಿದ ಹೊಲ. ಯುದ್ಧದ ಕಾಲವಾದ್ದರಿಂದ ಬೆಂಗಳೂರಿನ ಸುತ್ತ ದಂಡಿನ ಬಿಡಾರಗಳು ಎದ್ದಿದ್ದವು. ಅಲ್ಲಿನ ಸೋಲ್ಜರುಗಳಿಗೆ ಕೋಸು, ಬೀಟ್‌ರೂಟು, ಕ್ಯಾರೆಟ್ಟು ಎಷ್ಟು ಹೋದರೂ ಸಾಲದು. ಸಂಜೀವಪ್ಪ ಊರೂರಿನ ತೋಟಗಳಿಂದ ತರಕಾರಿ ಎತ್ತಿ ಗಾಡಿಯಲ್ಲಿ ಒಯ್ದು ಕೊಡುತ್ತಿದ್ದ. ಕೈಯಲ್ಲಿ ನಾಲ್ಕು ಕಾಸು ನಿಂತಿತು, ಮನೆಯಲ್ಲಿ ಹೆಣ್ಣು ಮಗು ಹುಟ್ಟಿತು. ಒಂದು ಬೆಳಿಗ್ಗೆ ಮಗುವಿಗೆ ಹಾಲೂಡಿಸುತ್ತ ಮುತ್ತಮ್ಮ ಮಾತು ತೆಗೆದಳು.

‘ಕಂಡೋರ್ ತೋಟದ ಕೋಸ್ನ ಎಷ್ಟ್ ದಿನ ಅಂತ ಹೇರ್ತೀರಿ? ಬಾವಿ ಇರೋ ಒಂದು ತುಂಡು ಜಮೀನು ನೋಡಿ. ನೀರು ನೀವು ತೋರ್ಸಿ, ಮಿಕ್ಕಿದ್ದು ನಾನು ನೋಡ್ಕೊತೀನಿ.’

‘ಜಮೀನಂದ್ರೆ ಸಂತೇಲಿ ಸಿಗೋ ಬದನೆಕಾಯಾ? ಒತ್ತಿ ನೋಡಿ ತರೋಕೆ?’

‘ಒತ್ತಿ ನೋಡೇ ತನ್ನಿ. ಹುಳ ಇದ್ರೆ ಬಿಟ್ಟು ಬನ್ನಿ.’

ಸಂಜೀವಪ್ಪ ಒತ್ತಿ ನೋಡಿಯೇ ತಂದ. ಇವರ ಊರಿನಿಂದ ಗಾಡಿ ಅರ್ಧ ದಿನ ನಡೆಯುವಷ್ಟು ದೂರದಲ್ಲಿ, ಬಂಧುಬಳಗ ಯಾರೂ ಇಲ್ಲದ ಇನ್ನೊಂದು ಊರು. ಅಲ್ಲಿ ಕೆರೆಯ ಕೆಳಗೆ ಗೋಪಾಲಪ್ಪ ಎಂಬುವನ ಜಮೀನು. ಕೆಮ್ಮಣ್ಣು, ಮೂಲೆಯಲ್ಲಿ ಒಂದು ಹೊಂಗೆಮರ, ನಡುವೆ ಕಪಿಲೆ ಬಾವಿ. ಎತ್ತುಗಳು ಇಳಿಜಾರಿನಲ್ಲಿ ಇಳಿದರೆ ತೊಗಲಿನ ಚೀಲ ತುಂಬಿ ಮೇಲೆ ಬರುವ ಹಳೆಯ ಬಾವಿ ಅದು. ಹೂಳು ತುಂಬಿ ನೀರು ಮೊಣಕಾಲಿನಷ್ಟು ಮಾತ್ರ ಉಳಿದಿತ್ತು. ಗೋಪಾಲಪ್ಪನಿಗೆ ಬೇಸಾಯ ಸಾಕಾಗಿ, ಬೆಂಗಳೂರಿನಲ್ಲಿ ಸೌದೆ ಡಿಪೋ ಇಡುವ ಹುಚ್ಚು ಹಿಡಿದಿತ್ತು. ಸಂಜೀವಪ್ಪ ದೇವನಹಳ್ಳಿಗೆ ಹೋಗಿ ರಿಜಿಸ್ಟ್ರು ಕಚೇರಿಯಲ್ಲಿ ವಿಚಾರಿಸಿದ. ಜಮೀನಿನ ಮೇಲೆ ಅಡವು ಇಲ್ಲ, ಸಾಲ ಇಲ್ಲ. ಇನ್ನು ಉಳಿದದ್ದು ಚೆಕ್ಕುಬಂದಿಯ ವೀಳ್ಯ.

ಚೆಕ್ಕುಬಂದಿ ಎಂದರೆ ಜಮೀನಿನ ನಾಲ್ಕು ದಿಕ್ಕಿನ ಎಲ್ಲೆ; ಆ ಕಡೆಯ ಊರುಗಳಲ್ಲಿ ಅದರ ವೀಳ್ಯ ಒಂದು ವಾಡಿಕೆ. ಕಾಗದ ಆಗುವ ಮೊದಲು ಕೊಳ್ಳುವವನ ಹೆಂಡತಿ ತಟ್ಟೆಯಲ್ಲಿ ಎಲೆ ಅಡಿಕೆ ಇಟ್ಟುಕೊಂಡು, ನಾಲ್ಕು ದಿಕ್ಕಿನ ಜಮೀನಿನವರ ಮುಂದೆಯೂ ಮಾರುವವನ ಮನೆಯವರ ಮುಂದೆಯೂ ನಿಂತು, ‘ನಿಮ್ದೇನಾದ್ರೂ ತಕರಾರೈತಾ?’ ಎಂದು ಒಬ್ಬೊಬ್ಬರನ್ನಾಗಿ ಕೇಳಬೇಕು. ಭೂಮಿ ಹೆಣ್ಣು, ಕೇಳುವ ಕೈಯೂ ಹೆಣ್ಣಿನದೇ ಆಗಿರಬೇಕೆಂಬುದು ಅದರ ಲೆಕ್ಕ. ತಕರಾರು ಇದ್ದವರು ಎಲೆ ಮುಟ್ಟುವ ಹಾಗಿಲ್ಲ. ಮುಟ್ಟಿ ಬಾಯಿಗಿಟ್ಟುಕೊಂಡರೆ ಮುಂದೆ ಆ ಬಾಯಿ ಆ ಜಮೀನಿನ ಮಾತೆತ್ತಬಾರದು. ಕೇಳುವುದೆಂದರೆ ಮುತ್ತಮ್ಮನಿಗೆ ಹೇಳಿಕೊಡಬೇಕೆ? ಎಲೆಗಳನ್ನು ತೊಳೆದು, ತೊಟ್ಟು ಒಂದೇ ಕಡೆ ಬರುವಂತೆ ಜೋಡಿಸಿ, ಮಗುವನ್ನು ಸೊಂಟಕ್ಕೇರಿಸಿ ಹೊರಟಳು. ಜೊತೆಗೆ ಅತ್ತೆ ಮುನಿವೆಂಕಟಮ್ಮ.

ಬಾವಿಯ ಹತ್ತಿರ ಎಲ್ಲರೂ ಕೂಡಿದ್ದರು. ಪಡುವಣ ಜಮೀನಿನ ಅಪ್ಪಯ್ಯಣ್ಣ ಎಲೆ ತೆಗೆದುಕೊಂಡು, ‘ನಂದೇನವ್ವಾ ತಕರಾರು, ತರಕಾರಿ ಬೆಳೆದ್ರೆ ಒಂದು ಕೋಸು ನಮ್ಮನೇಗೂ ಕಳ್ಸು’ ಎಂದು ನಗಿಸಿದ. ಮಿಕ್ಕ ಮೂರು ದಿಕ್ಕಿನವರೂ ತೆಗೆದುಕೊಂಡರು. ಗೋಪಾಲಪ್ಪ ತೆಗೆದುಕೊಂಡ, ಅವನ ಹೆಂಡತಿ ತೆಗೆದುಕೊಂಡಳು.

ಬಾವಿಕಟ್ಟೆಯ ಚಪ್ಪಡಿಯ ಮೇಲೆ ಇನ್ನೊಬ್ಬಳು ಕುಳಿತಿದ್ದಳು. ಬರಿ ಹಣೆ, ಬರಿಗೈ, ಮಡಿಲಲ್ಲಿ ಮೊರ. ಹುಣಸೆಹಣ್ಣಿನ ಬೀಜ ಬಿಡಿಸುತ್ತಿದ್ದಳು. ಗೋಪಾಲಪ್ಪನ ಸತ್ತ ಅಣ್ಣನ ಹೆಂಡತಿ ಪಿಳ್ಳಮ್ಮ. ಮಕ್ಕಳಿಲ್ಲದವಳು, ಅದೇ ಮನೆಯ ಹಿಂದಿನ ಕೋಣೆಯಲ್ಲಿ ಬೇರೆ ಒಲೆ ಹೂಡಿಕೊಂಡಿದ್ದಾಳೆ ಎಂದು ಯಾರೋ ಹೇಳಿದ್ದರು. ಮುತ್ತಮ್ಮ ತಟ್ಟೆ ಹಿಡಿದು ಅವಳ ಮುಂದಕ್ಕೂ ಹೋದಳು. ಪಿಳ್ಳಮ್ಮ ಕೈಯ ಹುಣಸೆ ಬಿಟ್ಟು ತಲೆ ಎತ್ತಿದಳು. ಆಗ ಹಿಂದಿನಿಂದ ಅತ್ತೆ ಕೆಮ್ಮಿದಳು. ಅದು ನೆಗಡಿಯ ಕೆಮ್ಮಲ್ಲ ಎಂಬುದು ಸೊಸೆಗೆ ಗೊತ್ತು. ಶುಭಕಾರ್ಯದ ತಟ್ಟೆ, ಗಂಡ ಸತ್ತವಳ ಮುಂದೆ ಹಿಡಿಯುವುದುಂಟೆ? ಹಿಡಿದರೆ ಅಪಶಕುನ. ಅದಕ್ಕಿಂತ ಹೆಚ್ಚಾಗಿ, ನಾಲ್ಕು ಜನರ ಎದುರು ಇಂಥವಳಿಗೂ ಕೊಟ್ಟಳಲ್ಲ ಎಂದು ಯಾರಾದರೂ ಆಡಿಬಿಟ್ಟರೆ ಪಾಪ, ಆ ಹೆಂಗಸಿಗೇ ಅವಮಾನ. ಮುತ್ತಮ್ಮ ಹಾಗೆ ಯೋಚಿಸಿದಳು. ತಟ್ಟೆ ಅಲ್ಲಿಂದಲೇ ತಿರುಗಿತು.

ಪಿಳ್ಳಮ್ಮ ಸೊಂಟದ ಚೀಲ ಬಿಚ್ಚಿ, ತನ್ನದೇ ಎಲೆಗೆ ತಾನೇ ಸುಣ್ಣ ಹಚ್ಚಿ ಬಾಯಿಗಿಟ್ಟುಕೊಂಡಳು. ಎಲೆ ಅಡಿಕೆ ಇಲ್ಲದೆ ಅವಳ ಬಾಯಿ ಎಂದೂ ಇರುತ್ತಿರಲಿಲ್ಲವಂತೆ. ಅಷ್ಟರಲ್ಲಿ ಮಗು ಅಳತೊಡಗಿತು. ‘ಇತ್ತ ಕೊಡವ್ವ, ನೀನು ಕೆಲ್ಸ ನೋಡು’ ಎಂದು ಪಿಳ್ಳಮ್ಮನೇ ಕೈ ಚಾಚಿ ಮಗುವನ್ನು ಎತ್ತಿಕೊಂಡಳು. ಅದು ಅವಳ ಭುಜದ ಮೇಲೆ ಬಾಯಿಟ್ಟು ಸುಮ್ಮನಾಯಿತು. ಎಷ್ಟು ಒಳ್ಳೆಯವಳು ಅಂದುಕೊಂಡಳು ಮುತ್ತಮ್ಮ. ಕಾಗದ ಆಯಿತು. ಗೋಪಾಲಪ್ಪ ಹೆಂಡತಿ ಮಕ್ಕಳೊಂದಿಗೆ ಇದ್ದಿಲಿನಿಂದ ಓಡುವ ಬಸ್ಸು ಹತ್ತಿ ಬೆಂಗಳೂರು ಸೇರಿದ.

ಹೊಂಗೆಮರದ ಪಕ್ಕ ಗುಡಿಸಲು ಹಾಕಿಕೊಂಡು ಮುತ್ತಮ್ಮ, ಸಂಜೀವಪ್ಪ ಅಲ್ಲೇ ನಿಂತರು. ಮೊದಲ ಬೇಸಗೆಯೆಲ್ಲ ಬಾವಿಯ ಕೆಲಸಕ್ಕೇ ಹೋಯಿತು. ಗಂಡ ಕೆಳಗಿಳಿದು ಹೂಳು ತುಂಬುತ್ತಿದ್ದ, ಹೆಂಡತಿ ಮೇಲೆ ನಿಂತು ಮಂಕರಿ ಎಳೆಯುತ್ತಿದ್ದಳು. ಅಂಗೈ ಸುಲಿದು ಗಾಯವಾಯಿತು, ಎಣ್ಣೆ ಅರಿಸಿನ ಹಚ್ಚಿ ಬಟ್ಟೆ ಸುತ್ತಿಕೊಂಡು ಮತ್ತೆ ಎಳೆದಳು. ಹೂಳೆಲ್ಲ ಹೋಗಿ ಕಲ್ಲಿನ ಸಂದಿಯಿಂದ ಊಟೆ ಒಡೆದು ನೀರು ಚಿಮ್ಮಿದ ದಿನ ಸಂಜೀವಪ್ಪ ಕೆಳಗಿನಿಂದ ‘ಲೇ ಮುತ್ತೀ! ಸಿಕ್ತು ಕಣೇ!’ ಎಂದು ಕೂಗಿದ್ದು ಕೆರೆಯ ಏರಿಯವರೆಗೂ ಕೇಳಿತು. ಹಳೆಯ ಕಪಿಲೆಗೆ ಹೊಸ ತೊಗಲು ಹಾಕಿಸಿದರು. ಕೋಸು, ಬೀಟ್‌ರೂಟಿನ ಮಡಿಗಳು ಎದ್ದವು. ಪಿಳ್ಳಮ್ಮ ಮೂರು ಹೊತ್ತೂ ಬರುತ್ತಿದ್ದಳು. ಚಪ್ಪಡಿಯ ಮೇಲೆ ಕುಳಿತು ಮಗುವನ್ನು ಆಡಿಸುತ್ತ, ಹೂಳು ಮೇಲೆ ಬರುವುದನ್ನು ನೋಡುತ್ತಿದ್ದಳು. ಮಗು ಮೊದಲ ಹೆಜ್ಜೆ ಇಟ್ಟದ್ದೂ ಅವಳ ಬೆರಳು ಹಿಡಿದೇ. ಮುತ್ತಮ್ಮ ಅವಳನ್ನು ‘ಅಕ್ಕಾ’ ಎನ್ನುತ್ತಿದ್ದಳು, ಸಾರು ಮಾಡಿದ ದಿನ ಒಂದು ಕುಡಿಕೆ ಅವಳ ಕೋಣೆಗೂ ಹೋಗುತ್ತಿತ್ತು.

ಒಂದು ಬೆಳಿಗ್ಗೆ ಮುತ್ತಮ್ಮ ಬೀಟ್‌ರೂಟಿನ ಮಡಿಯಲ್ಲಿ ಕಳೆ ಕೀಳುತ್ತಿದ್ದಳು. ಹಿಂದೆ ಕಬ್ಬಿಣ ಕುಲುಕಿದ ಸದ್ದಾಯಿತು. ತಿರುಗಿ ನೋಡಿದರೆ ಇಬ್ಬರು ಆಳುಗಳು ಅವಳ ಮಡಿಗಳ ಮೇಲೆಯೇ ಉದ್ದಕ್ಕೆ ಅಳತೆಯ ಸರಪಳಿ ಎಳೆಯುತ್ತಿದ್ದಾರೆ. ಎಳೆಯ ಸೊಪ್ಪು ಸರಪಳಿಯ ಅಡಿಗೆ ಸಿಕ್ಕಿ ನೆಲ ಕಚ್ಚಿದೆ. ಕೋಟು ತೊಟ್ಟ ಒಬ್ಬರು ಛತ್ರಿ ಹಿಡಿದು ಬದುವಿನ ಮೇಲೆ ನಿಂತಿದ್ದಾರೆ, ಪಕ್ಕದಲ್ಲಿ ಊರಿನ ಶಾನುಭೋಗರು.

‘ಯಾರದು? ಯಾರ್ ಜಮೀನಲ್ಲಿ ಏನ್ ಮಾಡ್ತಿದ್ದೀರಿ?’ ಎಂದು ಅವಳು ಓಡಿದಳು.

ಕೋಟಿನವರು ಸಮಾಧಾನದಿಂದಲೇ ಕೇಳಿದರು. ‘ನೀವು ಯಾರಮ್ಮ? ಗುತ್ತಿಗೆಗೆ ಇದ್ದೀರಾ?’

‘ಗುತ್ತಿಗೆ ಯಾಕೆ? ನಮ್ದೇ ಜಮೀನು. ಕೊಂಡ್ಕೊಂಡಿದ್ದೀವಿ.’

ಅವರು ಶಾನುಭೋಗರ ಮುಖ ನೋಡಿದರು. ಶಾನುಭೋಗರು ಹೊಂಗೆಮರದ ಕಡೆ ನೋಡಿದರು.

‘ನಾನು ಕೋರ್ಟಿನ ಕಮಿಷನರು. ಇದು ದಾವೆಯಲ್ಲಿರೋ ಜಮೀನು ತಾಯಿ. ಪಾಲಿನ ದಾವೆ ಹಾಕಿ ಮೂರನೇ ವರ್ಷ ನಡೀತಿದೆ. ಪಾಲು ಕೊಡಬೇಕು ಅಂತ ತೀರ್ಪೂ ಆಯ್ತು. ಎಲ್ಲಿ ಭಾಗ ಮಾಡೋದು ಅಂತ ಅಳೆಯೋಕೆ ಬಂದಿದ್ದೀನಿ. ನಿಮಗೆ ಗೊತ್ತಿಲ್ವೇ?’

ಮೂರನೇ ವರ್ಷ. ಇವರು ಕೊಂಡು ಒಂದು ವರ್ಷದ ಮೇಲೆ ಕೆಲವು ತಿಂಗಳಾಗಿತ್ತು ಅಷ್ಟೇ. ಮುತ್ತಮ್ಮನ ಕೈಯಲ್ಲಿದ್ದ ಕಳೆಯ ಹಿಡಿ ಹಾಗೇ ಉಳಿಯಿತು.

‘ದಾವೆ... ಯಾರು ಹಾಕಿರೋದು?’

‘ಪಿಳ್ಳಮ್ಮ ಅಂತ. ಗೋಪಾಲಪ್ಪನ ಅತ್ತಿಗೆ.’

ಬಾವಿಕಟ್ಟೆಯ ಮೇಲೆ ಪಿಳ್ಳಮ್ಮ ಕುಳಿತೇ ಇದ್ದಳು. ತೊಡೆಯ ಮೇಲೆ ಮುತ್ತಮ್ಮನ ಮಗು, ಅವಳ ಚೀಲದ ದಾರ ಎಳೆದು ಆಡುತ್ತಿತ್ತು. ಪಿಳ್ಳಮ್ಮ ಸರಪಳಿಯನ್ನೇ ನೋಡುತ್ತಿದ್ದಳು. ಮುತ್ತಮ್ಮ ನಡೆದು ಹೋದಳೋ ಓಡಿದಳೋ ಅವಳಿಗೇ ನೆನಪಿಲ್ಲ. ಮಗುವನ್ನು ಕಿತ್ತುಕೊಂಡಳು. ಮಗು ಕಿರುಚಿತು. ಅದನ್ನು ಎದೆಗೊತ್ತಿಕೊಂಡು ಮುತ್ತಮ್ಮ ಗುಡಿಸಲಿನ ಕಡೆ ನಡೆದಳು. ಸಂಜೆ ಗಾಡಿಯೊಂದಿಗೆ ಬಂದ ಗಂಡನಿಗೆ ವಿಷಯ ಹೇಳಿದಾಗ ಅವನು ಎತ್ತುಗಳ ನೊಗ ಕಳಚುವುದನ್ನೇ ಮರೆತು ನಿಂತುಬಿಟ್ಟ.

ಮರುದಿನ ಅವರು ಮೊದಲು ಹೋದದ್ದು ಅಪ್ಪಯ್ಯಣ್ಣನ ಮನೆಗೆ. ಅವನು ಜಗಲಿಯ ಮೇಲೆ ಹಗ್ಗ ಹೊಸೆಯುತ್ತಿದ್ದ.

‘ಅಪ್ಪಯ್ಯಣ್ಣ, ದಾವೆ ಇರೋದು ನಿಂಗೊತ್ತಿತ್ತಾ?’ ಎಂದ ಸಂಜೀವಪ್ಪ.

‘ಗೊತ್ತಿಲ್ದೇ ಏನಪ್ಪಾ! ಆಯಮ್ಮನ ಪರವಾಗಿ ಸಾಕ್ಷಿ ಹೇಳ್ಬಂದೋನೇ ನಾನು. ಕೋರ್ಟ್‌ನಾಗೆ ಚೆನ್ನಾಗೇ ಮಾತಾಡ್ದೆ ಅಂದ್ರು ವಕೀಲ್ರು.’ ಮುಖದಲ್ಲಿ ಹೆಮ್ಮೆ ಬಿಟ್ಟು ಬೇರೇನೂ ಇರಲಿಲ್ಲ.

ಮುತ್ತಮ್ಮ ಜಗಲಿಯ ಹತ್ತಿರಕ್ಕೆ ಬಂದಳು. ‘ಮತ್ತೆ ನನ್ನ ತಟ್ಟೇಲಿ ವೀಳ್ಯ ತಗೊಂಡ್ಯಲ್ಲ ಅಣ್ಣಾ! ತಕರಾರಿಲ್ಲ ಅಂದ್ಯಲ್ಲ!’

ಅಪ್ಪಯ್ಯಣ್ಣ ಹಗ್ಗ ಕೆಳಗಿಟ್ಟ. ನಿಜವಾಗಿಯೂ ಅವನಿಗೆ ಆಶ್ಚರ್ಯವಾಗಿತ್ತು. ‘ನಿಮ್ದೇನಾದ್ರೂ ತಕರಾರೈತಾ ಅಂತ ನೀನು ಕೇಳ್ದೆ. ನಂದೇನಿಲ್ಲ ಅಂದೆ. ಈಗ್ಲೂ ನಂದೇನಿಲ್ಲ. ಕೇಳಿದ್ದಕ್ಕೆ ಸುಳ್ಳು ಹೇಳಿದ್ನಾ? ಆಯಮ್ಮನ ತಕರಾರು ಆಯಮ್ಮ ಹೇಳ್ಬೇಕು. ನೀನು ತಟ್ಟೆ ಹಿಡ್ಕೊಂಡು ಆಯಮ್ಮನ ಮುಂದಕ್ಕೂ ಹೋದೆ. ಈಗ ಮುಟ್ಟಲ್ಲ ಅಂತಾಳೆ, ವ್ಯಾಪಾರ ನಿಲ್ತದೆ ಅಂತ ನಾವೆಲ್ಲ ಉಸಿರು ಬಿಗಿ ಹಿಡ್ಕೊಂಡು ನೋಡ್ತಿದ್ವಿ. ನೀನು ಕೇಳ್ದೇನೇ ತಿರುಗ್ಸ್ಕೊಂಡ್ಬಿಟ್ಟೆ. ಎಲ್ಲಾ ಗೊತ್ತಿದ್ದೇ ತಗೊಂತಾವ್ರೆ, ಭಾಳ ಧೈರ್ಯಸ್ಥರು ಅಂತ ಮಾತಾಡ್ಕೊಂಡ್ವಿ.’

ಭಾಳ ಧೈರ್ಯಸ್ಥರು! ದಾರಿಯುದ್ದಕ್ಕೂ ಮುತ್ತಮ್ಮನ ಕಿವಿಯಲ್ಲಿ ಅದೇ ಮಾತು ಗುಂಯ್ಗುಟ್ಟಿತು. ಊರಿಗೆ ಊರೇ ನೋಡುತ್ತಿತ್ತು. ಕುರುಡರಾಗಿದ್ದವರು ತಾವಿಬ್ಬರು ಮಾತ್ರ.

ಗೋಪಾಲಪ್ಪನ ಸೌದೆ ಡಿಪೋಗೆ ಹೋಗಿ ಸಂಜೀವಪ್ಪ ಕೂಗಾಡಿ ಬಂದ. ‘ನಾನೇನು ಮುಚ್ಚಿಟ್ನಾ? ದಾವೆ ಐತಾ ಅಂತ ನೀನು ಕೇಳ್ದ್ಯಾ? ಕೇಳಿದ್ರೆ ಹೇಳ್ತಿದ್ದೆ’ ಎಂದನಂತೆ ಆ ಪುಣ್ಯಾತ್ಮ, ತಕ್ಕಡಿಯಿಂದ ಕಣ್ಣು ತೆಗೆಯದೆ. ಮುನಿವೆಂಕಟಮ್ಮ ಸುದ್ದಿ ಕೇಳಿ ಊರಿಂದ ಓಡಿ ಬಂದವಳು, ಗುಡಿಸಲಿನ ಮೂಲೆಯಲ್ಲಿ ಕುಳಿತು, ‘ನಾನೊಂದ್ಸಲ ಕೆಮ್ಮಿದ್ದಕ್ಕೆ ಇಷ್ಟೆಲ್ಲ ಆಗೋಯ್ತಾ ಮುತ್ತೀ?’ ಎಂದಳು. ಸೊಸೆಗೆ ಅಳುವ ಹೊತ್ತಿನಲ್ಲೂ ನಗು ಬಂತು. ‘ನೀವು ಕೆಮ್ಮಿದ್ರಿ, ನಾನು ತಿರುಗಿಸ್ದೆ. ಇಬ್ರೂ ಸೇರೇ ಮಾಡಿದ್ದು ಬಿಡಿ ಅತ್ತೆ’ ಎಂದಳು.

ವಕೀಲ ವೆಂಕಟರಾಯಪ್ಪನವರ ಕಚೇರಿಗೆ ಮಗುವನ್ನು ಸೊಂಟದ ಮೇಲೆ ಇಟ್ಟುಕೊಂಡು ಮುತ್ತಮ್ಮನೂ ಹೋದಳು. ಅವರು ಕ್ರಯದ ಕಾಗದವನ್ನು ಒಮ್ಮೆ ಓದಿ, ಮಡಿಸಿ ವಾಪಸು ಕೊಟ್ಟರು.

‘ಕಾಗದ ಸರಿಯಾಗೇ ಇದೆ. ಏನೂ ತಪ್ಪಿಲ್ಲ.’

‘ಹಾಗಾದ್ರೆ ಜಮೀನು ನಮ್ದೇ ಅಲ್ವಾ ಸ್ವಾಮಿ?’ ಸಂಜೀವಪ್ಪನ ಮುಖ ಅರಳಿತು.

‘ನಿಮ್ಮದೇ, ಆಯಮ್ಮನಿಗೆ ಕೊಟ್ಟು ಉಳಿದದ್ದು. ಮೈಸೂರು ಸರ್ಕಾರ ಹೆಂಗಸರ ಹಕ್ಕಿನ ಕಾಯಿದೆ ಮಾಡಿ ಹತ್ತು ವರ್ಷದ ಮೇಲಾಯ್ತಪ್ಪ. ಗಂಡ ಸತ್ತವಳಿಗೂ ಈಗ ಪಾಲುಂಟು. ಅವಳು ಕೇಳಿದಳು, ಮೈದುನ ಕೊಡಲಿಲ್ಲ, ದಾವೆ ಹಾಕಿದಳು. ದಾವೆ ನಡೀತಿರೋ ಆಸ್ತೀನ ಕೊಳ್ಳಬೇಡಿ ಅಂತ ಕಾನೂನು ಹೇಳಲ್ಲ. ಆದರೆ ಆ ದಾವೆಯಲ್ಲಿ ಏನು ತೀರ್ಮಾನ ಆಗುತ್ತೋ ಅದಕ್ಕೆ ಕೊಂಡವರೂ ಕಟ್ಟುಬಿದ್ದ ಹಾಗೆ. ಗೋಪಾಲಪ್ಪ ನಿಂತಿದ್ದ ಜಾಗದಲ್ಲಿ ಈಗ ನೀವು ನಿಂತಿದ್ದೀರಿ.’

‘ನಮ್ಗೆ ಗೊತ್ತೇ ಇರ್ಲಿಲ್ವಲ್ಲ ಸ್ವಾಮಿ’ ಎಂದಳು ಮುತ್ತಮ್ಮ. ‘ನಮ್ಗೆ ಒಂದು ಮಾತು ಯಾರೂ ತಿಳ್ಸಲಿಲ್ಲ. ಕಚೇರೀಲೂ ಏನಿಲ್ಲ ಅಂದ್ರು.’

‘ರಿಜಿಸ್ಟ್ರು ಕಚೇರಿಯಲ್ಲಿ ಅಡವು ಇದ್ದರೆ ಕಾಣುತ್ತೆ, ದಾವೆ ಕಾಣಲ್ಲ. ಗೊತ್ತಿದ್ದು ಕೊಂಡ್ರಾ, ಗೊತ್ತಿಲ್ಲದೆ ಕೊಂಡ್ರಾ ಅಂತ ಈ ವಿಷಯದಲ್ಲಿ ಕೋರ್ಟು ಕೇಳೋದೇ ಇಲ್ಲ ತಾಯಿ.’

ಮುತ್ತಮ್ಮನಿಗೆ ನಂಬಲಾಗಲಿಲ್ಲ. ಕಳ್ಳಮಾಲು ಎಂದು ತಿಳಿಯದೆ ಚೊಂಬು ಕೊಂಡವರನ್ನೂ ಪೊಲೀಸರು ಒಂದು ಮಾತು ಕೇಳುತ್ತಾರೆ. ಇಲ್ಲಿ ಕೇಳುವುದೇ ಇಲ್ಲವೇ? ಕೇಳಿಯೇ ಬದುಕಿದವಳಿಗೆ, ಕೇಳುವುದಿಲ್ಲ ಎಂಬ ಮಾತು ಕೆನ್ನೆಗೆ ಹೊಡೆದಂತಾಯಿತು. ಗೋಪಾಲಪ್ಪನ ಮೇಲೆ ನಷ್ಟದ ದಾವೆ ಬೇರೆ ಹಾಕಬಹುದು, ಅದಕ್ಕೆ ವರ್ಷಗಳು ಹಿಡಿಯುತ್ತವೆ ಎಂದರು ವಕೀಲರು. ಹೊರಡುವಾಗ ಇನ್ನೊಂದು ದಾರಿ ಹೇಳಿದರು. ಗೋಪಾಲಪ್ಪನ ಹೆಸರಿನಲ್ಲಿ ಗುಡ್ಡದ ಮಗ್ಗುಲಿಗೆ ಬೇರೆ ಹೊಲ ಇದೆ. ಪಿಳ್ಳಮ್ಮ ತನ್ನ ಪಾಲನ್ನು ಅಲ್ಲಿ ತೆಗೆದುಕೊಳ್ಳಲು ಒಪ್ಪಿದರೆ ಇವರ ಜಮೀನು, ಬಾವಿ ಎಲ್ಲ ಪೂರ್ತಿ ಉಳಿಯುತ್ತದೆ. ಒಪ್ಪದಿದ್ದರೆ ಬಾವಿಯ ಕಡೆಯ ಅರ್ಧ ಅವಳಿಗೆ ಹೋಗುತ್ತದೆ. ಕಮಿಷನರ ಅಳತೆ ಆ ದಿಕ್ಕಿಗೇ ಇದೆ.

ಬಾವಿ ಹೋದರೆ ಉಳಿದ ಅರ್ಧ ಜಮೀನು ಯಾಕೆ? ಮತ್ತೆ ಮಳೆ ನಂಬಿದ ಹೊಲ. ಮತ್ತೆ ಆ ಒಂದೇ ಒಲೆಯ ಮನೆ.

ಮುತ್ತಮ್ಮ ತಟ್ಟೆ ತೊಳೆದಳು. ಎಲೆ ಆರಿಸಿ ತೊಟ್ಟು ಒಂದೇ ಕಡೆ ಜೋಡಿಸಿದಳು. ಅತ್ತೆ ಈ ಸಲ ಕೆಮ್ಮಲಿಲ್ಲ, ಅಡಿಕೆ ತಾನೇ ಎತ್ತಿ ಕೊಟ್ಟಳು. ಪಿಳ್ಳಮ್ಮನ ಕೋಣೆಯ ಬಾಗಿಲು ತೆರೆದಿತ್ತು. ಒಳಗೆ ಒಂದು ಒಲೆ, ಒಂದು ಮಡಕೆ, ಮುತ್ತಮ್ಮ ಸಾರು ಕಳಿಸಿದ ಕುಡಿಕೆ ತೊಳೆದು ಬೋರಲು ಹಾಕಿತ್ತು. ಮುತ್ತಮ್ಮ ಅವಳ ಮುಂದೆ ಮಂಡಿಯೂರಿ ತಟ್ಟೆ ಹಿಡಿದಳು.

‘ಅವತ್ತು ಕೇಳ್ಬೇಕಾಗಿತ್ತು. ಇವತ್ತು ಕೇಳ್ತಿದ್ದೀನಿ ಅಕ್ಕಾ. ಗುಡ್ಡದ ಕಡೆ ಹೊಲ ತಗೊಂಡು ಈ ಬಾವಿ ನಮ್ಗೆ ಬಿಡು. ತಕರಾರಿಲ್ಲ ಅನ್ನು.’

ಪಿಳ್ಳಮ್ಮ ತಟ್ಟೆಯನ್ನು ನೋಡಿದಳು. ಗಂಡ ಸತ್ತ ಮೇಲೆ ಅವಳ ಮುಂದೆ ಯಾರೂ ಹಿಡಿದಿರದ ತಟ್ಟೆ. ಅವಳ ಕೈ ಮೊರದ ಅಂಚಿನಿಂದ ಮೇಲೆದ್ದಿತು. ಕೈ ಮತ್ತೆ ಮೊರದ ಮೇಲೆಯೇ ಇಳಿಯಿತು.

‘ತಕರಾರಿದ್ದೋರು ಮುಟ್ಬಾರ್ದಲ್ಲವ್ವಾ? ನಂಗೈತೆ.’

ಮುತ್ತಮ್ಮನಿಗೆ ತನ್ನ ಕಿವಿಯ ಮೇಲೇ ನಂಬಿಕೆ ಹೋಯಿತು. ‘ನಾವು ಹೂಳು ತೆಗೀವಾಗ ನೀನು ನೋಡ್ತಾ ಕೂತಿದ್ದೆ ಅಲ್ವಾ?’

‘ನೋಡ್ತಿದ್ದೆ.’

‘ನನ್ ಅಂಗೈ ಸುಲ್ದಿದ್ದು ನೋಡ್ದೆ. ಅದಕ್ಕೆ ಅರಿಸಿನ ನೀನೇ ಅರೆದು ಕೊಟ್ಟೆ. ಈ ಬಾವಿ ನಾಳೆ ನಿಂದಾಗ್ತದೆ ಅಂತ ಗೊತ್ತಿದ್ದೂ...’

‘ಗೊತ್ತಿದ್ದೂ’ ಎಂದಳು ಪಿಳ್ಳಮ್ಮ. ‘ಯಾರಿಗ್ ಹೇಳ್ಲಿ? ತಟ್ಟೆ ನನ್ ಮುಂದಕ್ ಬಂತು. ಬಾಯಿ ತೆಗೀಬೇಕು ಅಂತಿದ್ದೆ. ನೀನು ತಿರುಗ್ಸ್ಕೊಂಡು ಹೋದೆ. ನಾನು ಆ ಮನೇಲಿ ಇದ್ದೀನಿ ಅಂತ ಯಾರಾದ್ರೂ ಒಬ್ರು ಕೇಳ್ಲಿ ಅಂತಾನೇ ನಾನು ಕೋರ್ಟ್ ಮೆಟ್ಲು ಹತ್ತಿದ್ದು ಕಣವ್ವ. ಮೈದುನ ಕೇಳ್ಲಿಲ್ಲ, ಊರು ಕೇಳ್ಲಿಲ್ಲ. ಹೊಸಬ್ಳು, ಮುಖ ನೋಡಿದ್ರೆ ಮೆತ್ತಗವ್ಳೆ, ಇವ್ಳಾದ್ರೂ ಕೇಳ್ತಾಳೆ ಅಂದ್ಕೊಂಡೆ.’

‘ಅದಕ್ಕೆ ನನ್ ಮಗೂನ ಎತ್ಕೊಂಡ್ಯಾ? ಆಡಿಸ್ದಂಗೆ ಮಾಡಿ...’

ಆಗ ಮಾತ್ರ ಪಿಳ್ಳಮ್ಮನ ದನಿ ಏರಿತು. ‘ಮಗೂನ ಎಳೀಬೇಡ ಇದಕ್ಕೆ! ಎತ್ಕೊಂಡಿದ್ದು ಆಸೆಗೆ. ಬಾವಿ ನೋಡ್ತಾ ಕೂತಿದ್ದು ಹಟಕ್ಕೆ. ಅದೂ ನಾನೇ, ಇದೂ ನಾನೇ. ನನ್ ಗಂಡ ಕಡಿದ ಬಾವಿ ಅದು. ಚಪ್ಪಡಿ ಅವ್ನೇ ಹಾಸಿದ್ದು. ಗುಡ್ಡದ ಹೊಲ ತಗೊಂಡು ನಾನು ಕಲ್ಲಿಗೆ ಕಥೆ ಹೇಳ್ಲಾ?’

ಮುತ್ತಮ್ಮ ತಟ್ಟೆ ಎತ್ತಿಕೊಂಡು ಬಂದಳು. ಎಲೆಗಳು ಬಾಡಿದವು, ಅತ್ತೆ ಅವನ್ನು ಎತ್ತುಗಳಿಗೆ ಹಾಕಿದಳು. ಒಂದೇ ಜೀವದಲ್ಲಿ ಅಷ್ಟು ಆಸೆ, ಅಷ್ಟು ಹಟ ಒಟ್ಟಿಗೆ ಕುಳಿತಿರಬಹುದೆಂಬುದು ಮುತ್ತಮ್ಮನಿಗೆ ದಾವೆಗಿಂತ ದೊಡ್ಡ ದಿಗಿಲಾಗಿತ್ತು. ತನ್ನ ಮಗುವಿನ ಬೆರಳು ಹಿಡಿದು ನಡೆಸುತ್ತ, ಬಾವಿ ಕೈಗೆ ಬರುವ ದಿನ ಎಣಿಸುತ್ತ ಕುಳಿತಿದ್ದಳಲ್ಲ! ಆದರೆ ತಟ್ಟೆ ತಿರುಗಿಸಿದ ಕೈ ಯಾರದು ಎಂದು ನೆನಪಾದಾಗ ಬೈಗುಳ ತನ್ನ ಕಡೆಗೇ ತಿರುಗುತ್ತಿತ್ತು.

ಸುಗ್ಗಿಯ ಹೊತ್ತಿಗೆ ಕೋರ್ಟು ಗೆರೆ ಎಳೆಯಿತು. ಹೊಂಗೆಮರ, ಗುಡಿಸಲು, ಬೀಟ್‌ರೂಟಿನ ಮಡಿಗಳು ಇತ್ತ. ಬಾವಿ, ಕಪಿಲೆಯ ಇಳಿಜಾರು ಅತ್ತ. ನಡುವೆ ಕಲ್ಲು ನೆಟ್ಟು ಹೋದರು. ಆ ವಾರ ಮಡಿಗಳಿಗೆ ನೀರಿಲ್ಲ. ಸೊಪ್ಪು ಜೋತುಬಿದ್ದದ್ದನ್ನು ನೋಡಲಾರದೆ ಮುತ್ತಮ್ಮ ಕೆರೆಯಿಂದ ಕೊಡದಲ್ಲಿ ಹೊತ್ತು ತಂದು, ಗಿಡಕ್ಕೊಂದು ಬೊಗಸೆಯಂತೆ ಹಾಕುತ್ತಿದ್ದಳು. ಅವಳು ನೆಟ್ಟದ್ದು ಒಣಗತೊಡಗಿದ್ದು ಅದೇ ಮೊದಲು. ಕೈಗೆಟುಕುವಷ್ಟು ಹತ್ತಿರ ಬಾವಿ, ಅದರಲ್ಲಿ ತಾನೇ ಎಬ್ಬಿಸಿದ ನೀರು. ಸಂಜೀವಪ್ಪ, ‘ಸಾಯ್ಲಿ ಬಿಡೇ, ಊರಿಗೆ ಹೋಗೋಣ’ ಎಂದು ಗಾಡಿಯ ಕೀಲಿಗೆ ಎಣ್ಣೆ ಬಿಡತೊಡಗಿದ್ದ.

ಆ ಹೊತ್ತಿಗೆ ಕಲ್ಲಿನ ಆಚೆ ಪಿಳ್ಳಮ್ಮ ಬಂದು ನಿಂತಳು. ಒಬ್ಬಳೇ ಅಲ್ಲ, ಅಪ್ಪಯ್ಯಣ್ಣನೂ ಜೊತೆಗಿದ್ದ, ಅವನ ಬಾಯಲ್ಲಿ ಎಲೆ ಆಗಲೇ ಕೆಂಪಾಗಿತ್ತು. ಅವಳ ಕೈಯಲ್ಲಿ ತಟ್ಟೆ ಇರಲಿಲ್ಲ. ಸೊಂಟದ ಚೀಲ ಬಿಚ್ಚಿ ಒಂದು ಎಲೆ ತೆಗೆದಳು, ಸೆರಗಿಗೆ ಒರಸಿದಳು, ಅಂಗೈಯ ಮೇಲೆ ಇಟ್ಟು ಕಲ್ಲಿನ ಮೇಲಿಂದ ಚಾಚಿದಳು.

‘ಜಮೀನು ನಂಗೆ ಬಂತು. ಚೆಕ್ಕುಬಂದಿ ಕೇಳ್ಬೇಕಲ್ಲ. ಈ ದಿಕ್ಕಿಗೆ ನೀನೇ ಈಗ. ನಿಂದೇನಾದ್ರೂ ತಕರಾರೈತಾ?’

ಸಂಜೀವಪ್ಪ ಎಣ್ಣೆಯ ಕೈಯಲ್ಲೇ ಎದ್ದು ನಿಂತ. ಅತ್ತೆ ಬಾಯಿ ತೆರೆದು ನೋಡಿದಳು. ಗಂಡ ಸತ್ತವಳು ವೀಳ್ಯ ಹಿಡಿದದ್ದನ್ನು ಆ ಊರು ಕಂಡಿರಲಿಲ್ಲ. ಅಪ್ಪಯ್ಯಣ್ಣ ಮಾತ್ರ ಆಗಲೇ ಅವಳ ಕೈಯ ವೀಳ್ಯ ತೆಗೆದುಕೊಂಡು ಜಗಿಯುತ್ತ ನಿಂತಿದ್ದ.

ಮುತ್ತಮ್ಮ ಕೊಡ ಇಳಿಸಿದಳು. ಎಲೆಯನ್ನು ನೋಡಿದಳು. ತೆಗೆದುಕೊಂಡುಬಿಟ್ಟರೆ ಎಲ್ಲ ಸುಗಮ. ಆದರೆ ಬಾಯಿಗಿಟ್ಟ ಮೇಲೆ ಮಾತೆತ್ತುವ ಹಾಗಿಲ್ಲ.

‘ಐತೆ’ ಎಂದಳು.

ಪಿಳ್ಳಮ್ಮ ಕೈ ಹಿಂದಕ್ಕೆಳೆಯಲಿಲ್ಲ.

‘ಹೇಳು. ಕೇಳಿದ್ದು ಅದಕ್ಕೇ.’

‘ಬಾವಿ ನಿನ್ ಗಂಡ ಕಡಿದಿದ್ದು, ಸರಿ. ನೀರು ನನ್ ಗಂಡ ತಂದಿದ್ದು. ಹೂಳು ನಾನೆಳ್ದಿದ್ದು. ಆ ಕೂಲಿ ಯಾರ್ ಕೊಡ್ತಾರೆ?’

‘ನನ್ ಹತ್ರ ಕಾಸೆಲ್ಲೈತವ್ವ?’

‘ಕಾಸು ಕೇಳ್ದೋರ್ಯಾರು? ನಿನ್ ಹತ್ರ ಬಾವಿ ಐತೆ, ಎತ್ತಿಲ್ಲ. ನನ್ ಹತ್ರ ಎತ್ತೈತೆ, ಬಾವಿ ಇಲ್ಲ. ಒಂದಿನ ನಿಂಗೆ, ಒಂದಿನ ನಂಗೆ ಕಪಿಲೆ ಹೊಡೀಲಿ. ಎರಡು ದಿನಾನೂ ಎತ್ತು ನಮ್ದೇ. ನಿನ್ ಮಡಿಗೆ ಸಸಿ ನಾನೇ ಹಾಕ್ಕೊಡ್ತೀನಿ. ಊರೋರ ಮುಂದೆ ಮಾತಾಗ್ಬೇಕು, ಕಾಗ್ದಾನೂ ಆಗ್ಬೇಕು. ಈ ಸಲ ಬರೀ ಎಲೆ ನಂಬ್ಕೊಂಡು ನಾನಿರಲ್ಲ.’

‘ಅಬ್ಬಾ, ಮೆತ್ತಗವ್ಳೆ ಅಂದಿದ್ನಲ್ಲ ಇವ್ಳನ್ನ!’ ಎಂದಳು ಪಿಳ್ಳಮ್ಮ ಅಪ್ಪಯ್ಯಣ್ಣನ ಕಡೆ ತಿರುಗಿ. ಅವನು ಉಗಿದು ಬಂದು, ‘ಸಾಕ್ಷಿಗೆ ನಾನಿದ್ದೀನಿ, ಚೆನ್ನಾಗಿ ಹೇಳ್ತೀನಿ’ ಎಂದ.

ಮುಂದೆ ಬಹಳ ವರ್ಷ ಆ ಬಾವಿಯ ನೀರು ಹಾಗೆಯೇ ಹರಿಯಿತು. ಇಬ್ಬರೂ ಜಗಳವಾಡದೆ ಇದ್ದರು ಎಂದೇನಲ್ಲ. ಸರದಿಯ ದಿನ ಒಂದು ಚೀಲ ಹೆಚ್ಚು ಹೋಯಿತೆಂದು ಕೂಗಾಡಿ, ಸಂಜೆ ಒಬ್ಬರ ಸಾರು ಇನ್ನೊಬ್ಬರು ಉಣ್ಣುತ್ತಿದ್ದರು. ಊರಲ್ಲಿ ಯಾರು ಜಮೀನು ಕೊಂಡರೂ ಮುತ್ತಮ್ಮ ಮೊದಲು ಆ ಮನೆಯ ಹಿಂದಿನ ಕೋಣೆಯಲ್ಲಿ ಯಾರಿದ್ದಾರೆ ಎಂದು ವಿಚಾರಿಸುತ್ತಿದ್ದಳು, ಆಮೇಲೆ ಕೋರ್ಟಿನಲ್ಲಿ ಕೇಳಿ ಬನ್ನಿ ಎನ್ನುತ್ತಿದ್ದಳು. ಅದಕ್ಕೆ ಕೆಲವರು ಅವಳನ್ನು ಅನುಮಾನದ ಪಿಶಾಚಿ ಎಂದದ್ದೂ ಉಂಟು.

ಆದರೆ ಆ ದಿನ ಮುತ್ತಮ್ಮ ಎಲೆಯನ್ನು ಕೂಡಲೇ ತೆಗೆದುಕೊಳ್ಳಲಿಲ್ಲ. ಗಂಡನಿಗೆ ಎತ್ತು ಕಟ್ಟಲು ಹೇಳಿದಳು. ಕಪಿಲೆ ಇಳಿಯಿತು, ತೊಗಲಿನ ಚೀಲ ತುಂಬಿ ಮೇಲೆ ಬಂದು ಸುರಿಯಿತು, ನೀರು ಕಾಲುವೆ ಹಿಡಿದು ಕಲ್ಲಿನ ಪಕ್ಕದಲ್ಲಿ ಗೆರೆ ದಾಟಿ ಜೋತುಬಿದ್ದ ಬೀಟ್‌ರೂಟಿನ ಬುಡ ಸೇರಿತು. ಅದನ್ನು ಕಣ್ಣಾರೆ ನೋಡಿದ ಮೇಲೆ ಕೈ ಒರಸಿಕೊಂಡು ಪಿಳ್ಳಮ್ಮನ ಅಂಗೈಯಿಂದ ಎಲೆ ಎತ್ತಿದಳು.

‘ಸುಣ್ಣ?’ ಎಂದು ಕೇಳಿದಳು.